ಪೇಟೆ, ಕೋಟೆ, ಹೊಳೆ: ಫೋನ್ ಹಿಡಿದು ಶಿವಮೊಗ್ಗವನ್ನು ನಡೆದು ನೋಡುವ ಬಗೆ

ಶಿವಮೊಗ್ಗಕ್ಕೆ ಬಂದವರಲ್ಲಿ ಹೆಚ್ಚಿನವರು ಶಿವಮೊಗ್ಗವನ್ನು ನೋಡುವುದೇ ಇಲ್ಲ. ರೈಲಿಳಿದವರು ನೇರ ಜೋಗಕ್ಕೋ ಆಗುಂಬೆಗೋ ಹೊರಡುತ್ತಾರೆ, ಇಲ್ಲ ಸಕ್ರೆಬೈಲಿನ ಆನೆ ನೋಡಿಕೊಂಡು ಸಂಜೆ ಬಸ್ಸಿಗೆ ವಾಪಸ್ಸು. 2023ರ ಫೆಬ್ರುವರಿಯಲ್ಲಿ ಸೋಗಾನೆಯ ವಿಮಾನ ನಿಲ್ದಾಣ ಉದ್ಘಾಟನೆಯಾದ ಮೇಲೂ ಇದೇ ಕತೆ. ಇಲ್ಲೇ ಹುಟ್ಟಿ ಬೆಳೆದ ನಮ್ಮದೂ ಹೆಚ್ಚೇನು ಬೇರೆಯಲ್ಲ. ಗಾಂಧಿ ಬಜಾರಿಗೆ ಸಾಮಾನು ತರಲು ಹೋಗುತ್ತೇವೆ. ಕೋಟೆ ರಸ್ತೆಯ ಅರಮನೆಗೆ ಶಾಲೆಯಲ್ಲಿದ್ದಾಗ ಮೇಷ್ಟ್ರ ಹಿಂದೆ ಸಾಲಾಗಿ ಹೋಗಿ ಬಂದದ್ದೇ ಕೊನೆ. ಪೇಟೆ, ಕೋಟೆ, ಹೊಳೆ ಮೂರೂ ಒಂದೇ ಬೆಳಗಿನಲ್ಲಿ ನಡೆದು ಮುಗಿಸುವಷ್ಟು ಹತ್ತಿರ ಇವೆ. ಅದಕ್ಕೆ ಗೈಡ್ ಬೇಕಿಲ್ಲ. ಹಿಂದಿನ ದಿನ ಸ್ವಲ್ಪ ಸಿದ್ಧ ಮಾಡಿಟ್ಟುಕೊಂಡರೆ ಜೇಬಿನ ಫೋನೇ ಸಾಕು.

ದೊಡ್ಡ ಪ್ರವಾಸಿ ನಗರಗಳಿಗೆ ಇಂಥ ನಡಿಗೆಗಳು ರೆಡಿಮೇಡ್ ಸಿಗುತ್ತವೆ. ವಾಯ್ಸ್‌ಮ್ಯಾಪ್‌ನಂಥ ಆ್ಯಪ್ ಹಾಕಿಕೊಂಡು ಹೊರಟರೆ, ನೀವು ಒಂದು ಮೂಲೆಗೆ ಬಂದದ್ದನ್ನು ಜಿಪಿಎಸ್‌ನಿಂದ ತಿಳಿದು ಆ ಜಾಗದ ಕತೆಯನ್ನು ಅದೇ ಹೇಳತೊಡಗುತ್ತದೆ. ನಮ್ಮ ಊರುಗಳ ಮಟ್ಟಿಗೆ ಸಿದ್ಧ ನಡಿಗೆ ಹುಡುಕುತ್ತ ಕೂರಬೇಡಿ, ನೀವೇ ಮಾಡಿಕೊಳ್ಳಿ ಎನ್ನುವುದು ನನ್ನ ಸಲಹೆ. ಖರ್ಚಿಲ್ಲ, ಒಂದು ಸಂಜೆಯ ಕೆಲಸ. ಊರಿನ ಕತೆಯನ್ನು ನಮ್ಮ ಮಾತಿನಲ್ಲಿ, ನಮ್ಮವರ ದನಿಯಲ್ಲಿ ಕೇಳುತ್ತ ನಡೆಯುವ ಸುಖ ಕೊಂಡು ತಂದ ನಡಿಗೆಯಲ್ಲಿ ಇಲ್ಲ.

ಮೊದಲು ದಾರಿ, ಆಮೇಲೆ ಆ್ಯಪ್

ಫೋನ್ ತೆಗೆಯುವ ಮುಂಚೆ ಒಂದು ಹಾಳೆ ತೆಗೆದುಕೊಳ್ಳಿ. ನಡಿಗೆ ಸುತ್ತಿ ಬಂದು ಹೊರಟಲ್ಲಿಗೇ ಸೇರುವಂತಿರಲಿ. ಬಸ್ಸು, ಆಟೋ ಸುಲಭವಾಗಿ ಸಿಗುವ ಜಾಗದಿಂದ ಶುರುವಾಗಲಿ. ನಿಲ್ಲುವ ಜಾಗಗಳು ಹತ್ತಕ್ಕಿಂತ ಹೆಚ್ಚು ಬೇಡ. ಎಲ್ಲವನ್ನೂ ತುರುಕಿದರೆ ಕೊನೆಗೆ ಕಾಲು ನೋವಷ್ಟೇ ನೆನಪಿರುತ್ತದೆ.

ಯಾವ ಜಾಗಕ್ಕೆ ಯಾವ ಹೊತ್ತು ಎನ್ನುವುದನ್ನು ನೋಡಿಕೊಂಡು ಸಾಲು ಹಾಕಬೇಕು. ಇದನ್ನು ಮಾತ್ರ ಯಾವ ಮ್ಯಾಪೂ ಹೇಳಿಕೊಡುವುದಿಲ್ಲ. ಹೊಳೆಯನ್ನು ಬಿಸಿಲೇರುವ ಮುಂಚೆ ನೋಡಬೇಕು. ಅರಮನೆಯ ಮ್ಯೂಸಿಯಂ ಬಾಗಿಲು ತೆರೆಯುವುದು ಹತ್ತು ಗಂಟೆಯ ಹೊತ್ತಿಗೆ, ಸೋಮವಾರ ರಜೆ. ಗಾಂಧಿ ಬಜಾರಿನ ಅಂಗಡಿಗಳ ಶಟರ್ ಪೂರ್ತಿ ಏಳುವುದು ಅದಾದ ಮೇಲೆ. ಹಾಗಾಗಿ ನಾನು ಹೇಳುವ ಸಾಲು ಇದು: ಬಿ.ಎಚ್. ರಸ್ತೆಯ ಕೆಎಸ್‌ಆರ್‌ಟಿಸಿ ಬಸ್ ನಿಲ್ದಾಣದಿಂದ ಹೊರಟು ತುಂಗಾ ನದಿಯ ಹಳೆ ಸೇತುವೆ, ಅಲ್ಲಿಂದ ದಂಡೆಗಿಳಿದು ಕೋರ್ಪಲಯ್ಯನ ಛತ್ರದ ಮಂಟಪ, ಆಮೇಲೆ ಕೋಟೆಯ ಭಾಗದಲ್ಲಿ ಭೀಮೇಶ್ವರ ಮತ್ತು ಆಂಜನೇಯ ದೇವಸ್ಥಾನಗಳು, ಶಿವಪ್ಪ ನಾಯಕನ ಅರಮನೆ, ಕೋಟೆ ಮಾರಿಕಾಂಬೆಯ ಗುಡಿ. ಅಲ್ಲಿಂದ ರಾಮಣ್ಣ ಶ್ರೇಷ್ಠಿ ಪಾರ್ಕ್ ದಾಟಿ ಗಾಂಧಿ ಬಜಾರು, ಅದರ ಇನ್ನೊಂದು ತುದಿಯಲ್ಲಿ ಶಿವಪ್ಪ ನಾಯಕನ ಪ್ರತಿಮೆ. ಮತ್ತೆ ಬಿ.ಎಚ್. ರಸ್ತೆ ಹಿಡಿದರೆ ಸೇಕ್ರೆಡ್ ಹಾರ್ಟ್ ಚರ್ಚು, ಕರ್ನಾಟಕ ಸಂಘ ನೋಡಿಕೊಂಡು ಬಸ್ ನಿಲ್ದಾಣಕ್ಕೆ ವಾಪಸ್ಸು.

ರೈಲಿನಲ್ಲಿ ಬರುವವರು ಶಿವಮೊಗ್ಗ ಟೌನ್ ನಿಲ್ದಾಣದಲ್ಲಿಳಿದು ಬಸ್ ನಿಲ್ದಾಣದವರೆಗೆ ಆಟೋ ಹಿಡಿಯಿರಿ. ಚೀಲ ದೊಡ್ಡದಿದ್ದರೆ ಎಲ್ಲಾದರೂ ಇಟ್ಟು ಬನ್ನಿ. ಕೈ ಬೀಸಿಕೊಂಡು ನಡೆಯುವವರಿಗೇ ಈ ನಡಿಗೆ.

ಮ್ಯಾಪಿನಲ್ಲಿ ಪಟ್ಟಿ ಮಾಡಿ

ಗೂಗಲ್ ಮ್ಯಾಪ್ಸ್ ತೆರೆದು ಒಂದೊಂದೇ ಜಾಗ ಹುಡುಕಿ, ಸೇವ್ ಒತ್ತಿ, ‘ಶಿವಮೊಗ್ಗ ನಡಿಗೆ’ ಎಂಬ ಹೊಸ ಪಟ್ಟಿಗೆ ಸೇರಿಸುತ್ತ ಹೋಗಿ. ಪ್ರತಿ ಜಾಗದ ಕೆಳಗೆ ಟಿಪ್ಪಣಿ ಬರೆಯಲು ಅವಕಾಶ ಇದೆ, ಅದನ್ನು ಬಿಡಬೇಡಿ. ‘1’, ‘2’ ಎಂದು ಸಾಲಿನ ಸಂಖ್ಯೆ, ಅಲ್ಲಿ ನೋಡಬೇಕಾದ ಒಂದು ವಿಷಯ, ಅಷ್ಟು ಸಾಕು. ಕನ್ನಡದಲ್ಲೇ ಬರೆಯಿರಿ.

ಊರಿನ ಹೆಸರು ಅಧಿಕೃತವಾಗಿ ಶಿವಮೊಗ್ಗ ಆದದ್ದು 2014ರ ನವೆಂಬರ್ 1ರಂದು. ಹಳೆಯ ಬೋರ್ಡು, ಹಳೆಯ ಪುಟ, ಹಳೆಯ ಪಿನ್‌ಗಳಲ್ಲಿ ಇನ್ನೂ ಶಿಮೊಗಾ ಇದೆ. ಒಂದು ಹೆಸರಿಗೆ ಸಿಗದ ಜಾಗವನ್ನು ಇನ್ನೊಂದು ಹೆಸರು ಹಾಕಿ ಹುಡುಕಿ. ಹಾಗೂ ಸಿಗದಿದ್ದರೆ ಉಪಗ್ರಹದ ಚಿತ್ರಕ್ಕೆ ಬದಲಿಸಿ, ಜಾಗವನ್ನು ಕಣ್ಣಿನಿಂದ ಗುರುತಿಸಿ, ಬೆರಳನ್ನು ಒತ್ತಿ ಹಿಡಿಯಿರಿ. ಪಿನ್ ಬೀಳುತ್ತದೆ, ಜೊತೆಗೆ ಒಂದು ಪ್ಲಸ್ ಕೋಡ್ ಬರುತ್ತದೆ. ಮನೆ ನಂಬರ್, ಬೀದಿ ಹೆಸರು ಯಾವುದೂ ಇಲ್ಲದ ಹೊಳೆ ನಡುವಿನ ಮಂಟಪಕ್ಕೆ ಆ ಕೋಡೇ ವಿಳಾಸ. ಅದನ್ನು ಯಾರಿಗೆ ಕಳಿಸಿದರೂ ಅವರ ಮ್ಯಾಪ್ ಅಲ್ಲಿಗೇ ಹೋಗುತ್ತದೆ.

ಪಟ್ಟಿ ಆದ ಮೇಲೆ ಮೊದಲ ಜಾಗದಿಂದ ಕೊನೆಯ ಜಾಗಕ್ಕೆ ದಾರಿ ಕೇಳಿ, ನಡೆಯುವ ಮನುಷ್ಯನ ಚಿತ್ರ ಒತ್ತಿ, ನಡುವಿನ ನಿಲುಗಡೆಗಳನ್ನು ಸೇರಿಸಿ. ಒಂದು ದಾರಿಗೆ ಒಂಬತ್ತು ನಿಲುಗಡೆಯವರೆಗೆ ಸೇರಿಸಬಹುದು, ಸೇತುವೆಯಿಂದ ಕರ್ನಾಟಕ ಸಂಘದವರೆಗೆ ಅಷ್ಟು ಸಾಕು. ಒಟ್ಟು ದೂರ ಎಷ್ಟು ಎಂದು ಅದೇ ತೋರಿಸುತ್ತದೆ. ಅದು ಹೇಳುವ ಸಮಯವನ್ನು ಮಾತ್ರ ನಂಬಬೇಡಿ, ಅದು ಎಲ್ಲೂ ನಿಲ್ಲದೆ ನಡೆದರೆ ಹಿಡಿಯುವ ಹೊತ್ತು. ನಿಮಗೆ ಇಡೀ ಬೆಳಗು ಬೇಕು.

ನೆಟ್ ಕೈಕೊಟ್ಟಾಗ ದಾರಿ ತಪ್ಪದಿರಲು ಇನ್ನೊಂದು ಮ್ಯಾಪ್ ಇಟ್ಟುಕೊಳ್ಳುವುದು ಒಳ್ಳೆಯದು. ಗೂಗಲ್ ಮ್ಯಾಪ್ಸ್‌ನಲ್ಲಿ ಊರಿನ ಭಾಗವನ್ನು ಆಫ್‌ಲೈನ್ ಇಳಿಸಿಕೊಳ್ಳಬಹುದು ನಿಜ, ಆದರೆ ನೆಟ್ ಇಲ್ಲದಾಗ ಅದರ ಕಾಲ್ನಡಿಗೆಯ ದಾರಿಯನ್ನು ನೆಚ್ಚಿಕೊಳ್ಳುವಂತಿಲ್ಲ. ಆರ್ಗ್ಯಾನಿಕ್ ಮ್ಯಾಪ್ಸ್ ಎಂಬ ಉಚಿತ ಆ್ಯಪ್ ಇದೆ. ಜನರೇ ಸೇರಿ ಕಟ್ಟುತ್ತಿರುವ ಓಪನ್‌ಸ್ಟ್ರೀಟ್‌ಮ್ಯಾಪ್ ಅದರ ಆಧಾರ. ನಮ್ಮ ಭಾಗದ ನಕ್ಷೆಯನ್ನು ವೈಫೈ ಇರುವಲ್ಲಿ ಒಮ್ಮೆ ಇಳಿಸಿಕೊಂಡರೆ, ಸಿಮ್ಮೇ ಇಲ್ಲದ ಫೋನಿನಲ್ಲೂ ಕಾಲುದಾರಿ ತೋರಿಸುತ್ತದೆ. ಶಿವಮೊಗ್ಗ ಪೇಟೆಯಲ್ಲಿ ಇದು ಅಷ್ಟಾಗಿ ಬೇಕಾಗದು. ಊರು ಬಿಟ್ಟು ಘಟ್ಟದ ಕಡೆ ಕಾಲಿಟ್ಟಾಗ ಇದರ ಬೆಲೆ ಗೊತ್ತಾಗುತ್ತದೆ.

ಕಣ್ಣಿಗೆ ಊರು, ಕಿವಿಗೆ ಫೋನು

ಈ ಇಡೀ ಲೇಖನದಲ್ಲಿ ಒಂದೇ ಮಾತನ್ನು ಒತ್ತಿ ಹೇಳಬೇಕಾದರೆ ನಾನು ಇದನ್ನು ಹೇಳುತ್ತೇನೆ: ನಡೆಯುವಾಗ ಓದಬೇಡಿ, ಕೇಳಿ. ಅರಮನೆಯ ಮುಂದೆ ನಿಂತು ಅರಮನೆಯ ಬಗ್ಗೆ ಪರದೆಯಲ್ಲಿ ಓದುತ್ತಿದ್ದರೆ, ಓದಿ ಮುಗಿಯುವ ಹೊತ್ತಿಗೆ ಹೊರಡುವ ಸಮಯ ಆಗಿರುತ್ತದೆ. ಅದೇ ವಿಷಯವನ್ನು ಕಿವಿಗೆ ಹಾಕಿಕೊಂಡರೆ ಕಣ್ಣು ಕಂಬದ ಮೇಲೆ, ಹೆಂಚಿನ ಮೇಲೆ, ಕಲ್ಲಿನ ಮೇಲೆ ಓಡಾಡುತ್ತದೆ.

ಅದಕ್ಕಾಗಿ ಪ್ರತಿ ಜಾಗಕ್ಕೂ ಒಂದೂವರೆ-ಎರಡು ನಿಮಿಷದ ಮಾತನ್ನು ನಿಮ್ಮ ದನಿಯಲ್ಲೇ ರೆಕಾರ್ಡ್ ಮಾಡಿಕೊಳ್ಳಿ. ಫೋನಿನಲ್ಲಿರುವ ವಾಯ್ಸ್ ರೆಕಾರ್ಡರ್ ಸಾಕು. ಬರೆದದ್ದನ್ನು ಓದಿದರೆ ದೂರದರ್ಶನದ ವಾರ್ತೆಯ ಹಾಗೆ ಕೇಳುತ್ತದೆ. ನಾಲ್ಕು ಅಂಶ ಗುರುತು ಹಾಕಿಕೊಂಡು, ಮನೆಗೆ ಬಂದ ನೆಂಟರಿಗೆ ಹೇಳುವಂತೆ ಹೇಳಿ. ಮೊದಲ ವಾಕ್ಯ ಕಣ್ಣನ್ನು ಒಂದು ಕಡೆ ತಿರುಗಿಸಬೇಕು, ಕೊನೆಯ ವಾಕ್ಯ ಕಾಲನ್ನು. ಅರಮನೆಗೆ ಹೀಗೆ ಹೇಳಬಹುದು:

“ಗೇಟಿನೊಳಗೆ ಬಂದಿರಲ್ಲ, ಕಟ್ಟಡದ ಕಡೆ ಈಗಲೇ ಹೋಗಬೇಡಿ. ಹೊರಗೆ ನಿಲ್ಲಿಸಿರುವ ಕಲ್ಲುಗಳ ಹತ್ತಿರ ಬನ್ನಿ. ಮೂರು ಅಂತಸ್ತಿನಲ್ಲಿ ಕೆತ್ತನೆ ಇರುವ ಕಲ್ಲು ಹುಡುಕಿ, ಅದು ವೀರಗಲ್ಲು. ಕೆಳಗಿನಿಂದ ಮೇಲಕ್ಕೆ ನೋಡಬೇಕು. ಕೆಳಗೆ ಕಾಳಗ ನಡೀತಿದೆ. ನಡುವೆ ಸತ್ತ ವೀರನನ್ನು ಅಪ್ಸರೆಯರು ಕರೆದುಕೊಂಡು ಹೋಗ್ತಿದ್ದಾರೆ. ಮೇಲೆ ಅವನು ಶಿವನ ಸನ್ನಿಧಿ ಸೇರಿದ್ದಾನೆ, ಪಕ್ಕದಲ್ಲಿ ಸೂರ್ಯ, ಚಂದ್ರ. ಇದನ್ನು ನೋಡಿ ಆಯ್ತು ಅಂದ್ರೆ ಬಾಗಿಲ ಕಡೆ ನಡೀರಿ, ಒಳಗಿನ ಮರದ ಕಂಬಗಳ ಹತ್ತಿರ ಮತ್ತೆ ಮಾತಾಡೋಣ.”

ಫೈಲುಗಳಿಗೆ ‘01 ಸೇತುವೆ’, ‘02 ಮಂಟಪ’ ಎಂದು ಹೆಸರಿಟ್ಟರೆ ಸಾಲು ತಪ್ಪುವುದಿಲ್ಲ. ವಾಟ್ಸ್ಆ್ಯಪ್‌ನಲ್ಲಿ ನಿಮಗೆ ನೀವೇ ಮೆಸೇಜ್ ಕಳಿಸಿಕೊಳ್ಳುವ ಜಾಗದಲ್ಲಿ ಇವನ್ನು ಸಾಲಾಗಿ ಹಾಕಿಟ್ಟುಕೊಂಡರೆ ಬೇರೆ ಆ್ಯಪ್ ಹುಡುಕುವ ಗೋಜೇ ಇಲ್ಲ.

ಮಾತಿಗೆ ವಿಷಯ ಎಲ್ಲಿಂದ ತರುವುದು? ಎಐ ಚಾಟ್‌ಬಾಟ್ ಕೇಳಿದರೆ ಕ್ಷಣದಲ್ಲಿ ಕತೆ ಹೇಳುತ್ತದೆ, ಆದರೆ ನಮ್ಮ ಊರಿನ ದೇವಸ್ಥಾನ, ಕೆರೆ, ಕೋಟೆಗಳ ವಿಷಯದಲ್ಲಿ ಅದರ ಮಾತನ್ನು ಪರಿಶೀಲಿಸದೆ ರೆಕಾರ್ಡ್ ಮಾಡಬೇಡಿ. ಜಿಲ್ಲೆಯ ಇತಿಹಾಸ, ಜಾಗಗಳ ವಿವರಕ್ಕೆ ಕರ್ನಾಟಕ ಗ್ಯಾಸೆಟಿಯರ್ ಇಲಾಖೆ ಹೊರತಂದಿರುವ ಜಿಲ್ಲಾ ಗ್ಯಾಸೆಟಿಯರ್ ಇದೆ. ಶಾಸನಗಳ ಮೇಲೆ ಆಸೆ ಇದ್ದವರಿಗೆ ಬಿ.ಎಲ್. ರೈಸ್ ಸಂಪಾದಿಸಿದ ಎಪಿಗ್ರಾಫಿಯಾ ಕರ್ನಾಟಿಕಾದ 7 ಮತ್ತು 8ನೇ ಸಂಪುಟಗಳು ನಮ್ಮ ಜಿಲ್ಲೆಯವೇ. ಅವು 1902 ಮತ್ತು 1904ರಲ್ಲಿ ಬಂದವು, ಇಂಟರ್ನೆಟ್ ಆರ್ಕೈವ್‌ನಲ್ಲಿ ಉಚಿತವಾಗಿ ಸಿಗುತ್ತವೆ. ಶಿವಮೊಗ್ಗ, ಶಿಕಾರಿಪುರದ ಕಡೆಯ ಶಾಸನ 7ರಲ್ಲಿ. ಸೊರಬ, ಸಾಗರ, ನಗರ, ತೀರ್ಥಹಳ್ಳಿಯವು 8ರಲ್ಲಿ. ನಿಮ್ಮ ತಾಲ್ಲೂಕು, ನಿಮ್ಮ ಹಳ್ಳಿ ಹುಡುಕಿ ನೋಡಿ. ನಡಿಗೆಗೆ ಬಾರದಿದ್ದರೂ ಆ ಪುಟಗಳನ್ನು ತಿರುವಿ ಹಾಕುವುದೇ ಒಂದು ಹಬ್ಬ.

ಇನ್ನು ಹೊರಡೋಣ

ಸೇತುವೆಯ ಹತ್ತಿರ ಮ್ಯಾಪ್ ಒಮ್ಮೆ ನೋಡಿ ಫೋನ್ ಜೇಬಿಗೆ ಹಾಕಿ. ಇಯರ್‌ಫೋನ್ ಒಂದೇ ಕಿವಿಗೆ ಸಾಕು. ಬಿ.ಎಚ್. ರಸ್ತೆಯಲ್ಲಿ ಎರಡೂ ಕಿವಿ ಮುಚ್ಚಿಕೊಂಡು ನಡೆಯುವುದು ಸರಿಯಲ್ಲ.

ತುಂಗೆಯನ್ನು ನೋಡಲು ಶಿವಮೊಗ್ಗದವರಿಗೆ ಒಂದು ಅಳತೆಗೋಲಿದೆ, ಕೋರ್ಪಲಯ್ಯನ ಛತ್ರದ ಹತ್ತಿರ ಹೊಳೆಯಲ್ಲಿರುವ ಕಲ್ಲಿನ ಮಂಟಪ. ಮಳೆಗಾಲದಲ್ಲಿ ‘ಮಂಟಪ ಮುಳುಗ್ತಾ?’ ಎನ್ನುವುದೇ ಊರಿನ ಮೊದಲ ಪ್ರಶ್ನೆ. ಮೇಲೆ ಶೃಂಗೇರಿ, ತೀರ್ಥಹಳ್ಳಿ ಕಡೆ ನಾಲ್ಕು ದಿನ ಬಿಡದೆ ಹೊಯ್ದರೆ ಗಾಜನೂರಿನ ಅಣೆಕಟ್ಟು ಬಹಳ ನೀರು ಹಿಡಿದಿಟ್ಟುಕೊಳ್ಳಲಾರದು, ಗೇಟು ಎತ್ತುತ್ತಾರೆ. ಕೆಲವೇ ಗಂಟೆಗಳಲ್ಲಿ ಇಲ್ಲಿ ನೀರು ಕೆಂಪಗೆ ಏರುತ್ತದೆ. ಮೊದಲು ಮಂಟಪದ ಜಗಲಿ, ಆಮೇಲೆ ಕಂಬಗಳು, ಕೊನೆಗೆ ಮಾಡಿನ ಅಂಚಷ್ಟೇ ಕಾಣುತ್ತದೆ. ಅದೂ ಮುಳುಗಿತೆಂದರೆ ಸೇತುವೆಯ ಮೇಲೆ ಜನ ಸೇರುತ್ತಾರೆ, ತುಂಗೆಗೆ ಬಾಗಿನ ಬಿಡುತ್ತಾರೆ. ಬೇಸಿಗೆಯಲ್ಲಿ ಅದೇ ಮಂಟಪದ ಸುತ್ತ ಬಂಡೆಗಳು ಎದ್ದು ನಿಂತಿರುತ್ತವೆ. ‘ಗಂಗಾ ಸ್ನಾನ, ತುಂಗಾ ಪಾನ’ ಎಂಬ ಮಾತಿನ ತುಂಗೆ ಇವಳೇ. ಇಲ್ಲಿಂದ ಮುಂದೆ ಕೂಡ್ಲಿಯಲ್ಲಿ ಭದ್ರೆಯನ್ನು ಕೂಡಿಕೊಂಡು ಹೆಸರು ಬದಲಿಸುತ್ತಾಳೆ.

ಇಲ್ಲಿ ಫೋನಿನಿಂದ ಒಂದು ಕೆಲಸ ಮಾಡಿ. ಸೇತುವೆಯ ಒಂದೇ ಜಾಗದಲ್ಲಿ ನಿಂತು, ಒಂದೇ ಅಳತೆಯಲ್ಲಿ ಮಂಟಪದ ಫೋಟೋ ತೆಗೆಯಿರಿ. ಕ್ಯಾಮೆರಾದ ಲೊಕೇಶನ್ ಆನ್ ಇರಲಿ. ಮತ್ತೆ ಬಂದಾಗ ಅಲ್ಲೇ ನಿಂತು ಇನ್ನೊಂದು. ಏಪ್ರಿಲ್‌ನ ಫೋಟೋ, ಜುಲೈನ ಫೋಟೋ ಪಕ್ಕಪಕ್ಕ ಇಟ್ಟರೆ ಮಲೆನಾಡಿನ ಮಳೆ ಎಂದರೇನು ಎಂದು ಹೊರಗಿನವರಿಗೆ ವಿವರಿಸುವ ಅಗತ್ಯವೇ ಬೀಳುವುದಿಲ್ಲ. ಹೊಳೆ ತುಂಬಿದ್ದಾಗ ಮೆಟ್ಟಿಲಿಳಿಯಬೇಡಿ, ದಂಡೆಯ ಬದಲು ರಸ್ತೆಯಲ್ಲೇ ಕೋಟೆಗೆ ಹೋಗುವ ದಾರಿಯನ್ನೂ ಪಟ್ಟಿಯಲ್ಲಿ ಬೇರೆ ಗುರುತು ಹಾಕಿಟ್ಟಿರಿ. ಸ್ಮಾರ್ಟ್ ಸಿಟಿ ಯೋಜನೆಗೆ 2016ರಲ್ಲಿ ಶಿವಮೊಗ್ಗ ಆಯ್ಕೆಯಾದ ಮೇಲೆ ಹೊಳೆದಂಡೆಯಲ್ಲಿ ನಡೆಯುವ ದಾರಿ ಆಗಿದೆ. ಬೆಳಗಿನ ಹೊತ್ತು ಅಲ್ಲಿ ನಡೆಯುವುದು ಹಿತ.

ಕೋಟೆ ಎಂದು ಈಗ ಕರೆಯುವುದು ಒಂದು ಬಡಾವಣೆಯನ್ನು. ಹೆಸರೇ ಉಳಿದದ್ದು, ಗೋಡೆ ಹುಡುಕಬೇಡಿ. ಆದರೆ ಇಲ್ಲಿ ನಿಂತು ಕೇಳಬೇಕಾದ ಕತೆ ದೊಡ್ಡದು. 1791ರ ಡಿಸೆಂಬರ್ 29ರಂದು, ಟಿಪ್ಪುವಿನ ಸೈನ್ಯಕ್ಕೂ ಪರಶುರಾಮ ಭಾವು ನಾಯಕತ್ವದ ಮರಾಠಾ ಪಡೆಗೂ ಊರಿನ ಹೊರಗೆ ಕಾಳಗ ನಡೆಯಿತು. ಮರಾಠರ ಜೊತೆ ಕ್ಯಾಪ್ಟನ್ ಲಿಟ್ಲ್ ಎಂಬವನ ಈಸ್ಟ್ ಇಂಡಿಯಾ ಕಂಪನಿ ಪಡೆಯೂ ಇತ್ತು. ಕೆಲವೇ ದಿನಗಳಲ್ಲಿ, 1792ರ ಜನವರಿ ಮೊದಲಲ್ಲಿ, ಕೋಟೆ ಅವರ ಕೈಸೇರಿತು. ಇವತ್ತು ಅದೇ ಜಾಗದಲ್ಲಿ ಆಂಜನೇಯನ ಗುಡಿಯ ಮುಂದೆ ಶನಿವಾರ ಚಪ್ಪಲಿ ಬಿಡಲು ಜಾಗ ಸಿಗುವುದಿಲ್ಲ. ದೇವಸ್ಥಾನದೊಳಗೆ ಫೋನ್ ಸೈಲೆಂಟ್‌ಗೆ ಹಾಕಿ. ಫೋಟೋ ತೆಗೆಯುವ ಮುಂಚೆ ಅರ್ಚಕರನ್ನು ಕೇಳಿ. ಗರ್ಭಗುಡಿಯ ಕಡೆ ಕ್ಯಾಮೆರಾ ಬೇಡವೇ ಬೇಡ.

ಅರಮನೆಗೆ ಒಂದು ಗಂಟೆ ಇಟ್ಟುಕೊಳ್ಳಿ

ಇಡೀ ನಡಿಗೆಯಲ್ಲಿ ನಿಧಾನ ಮಾಡಬೇಕಾದ ಜಾಗ ಇದು. ಕೆಳದಿಯ ಶಿವಪ್ಪ ನಾಯಕ ಆಳಿದ್ದು 1645ರಿಂದ 1660ರವರೆಗೆ. ರಾಜಧಾನಿ ಬಿದನೂರು, ಈಗಿನ ನಗರ. ಭೂಮಿಯನ್ನು ಅಳೆಸಿ, ಮಣ್ಣಿನ ಗುಣ ನೋಡಿ, ಕಂದಾಯ ಇಷ್ಟೇ ಎಂದು ಗೊತ್ತುಮಾಡಿದ ಅವನ ಏರ್ಪಾಡಿಗೆ ಶಿಸ್ತು ಎಂದು ಹೆಸರು. ಅವನು ಇಂದಿಗೂ ಜನರ ಬಾಯಲ್ಲಿ ಶಿಸ್ತಿನ ಶಿವಪ್ಪ ನಾಯಕ. 1763ರಲ್ಲಿ ಬಿದನೂರು ಹೈದರಾಲಿಯ ಪಾಲಾಯಿತು. ಈಗ ಕಾಣುವ ಈ ಮರದ ಅರಮನೆ ಹೈದರಾಲಿಯ ಕಾಲದ್ದು ಎನ್ನುವ ಇತಿಹಾಸಕಾರರಿದ್ದಾರೆ. ನಿಮ್ಮ ರೆಕಾರ್ಡಿಂಗಿನಲ್ಲಿ ಎರಡನ್ನೂ ಹೇಳಿ. ಹೆಸರು ನಾಯಕನದು, ಕಟ್ಟಡದ ಕಾಲದ ಬಗ್ಗೆ ಬೇರೆ ಅಭಿಪ್ರಾಯವೂ ಇದೆ ಎಂದು ಹೇಳಿದರೆ ಕೇಳುವವರ ಆಸಕ್ತಿ ಹೆಚ್ಚೇ ಆಗುತ್ತದೆ.

ಒಳಗೆ ದಪ್ಪ ಮರದ ಕಂಬಗಳು, ಕಮಾನುಗಳು. ಆದರೆ ನನಗೆ ಹೊರಗಿನ ಕಲ್ಲುಗಳೇ ಹೆಚ್ಚು. ಜಿಲ್ಲೆಯ ಬೇರೆ ಬೇರೆ ಕಡೆಯಿಂದ ತಂದ ವೀರಗಲ್ಲು, ಮಾಸ್ತಿಗಲ್ಲು, ಶಿಲ್ಪಗಳು ಇಲ್ಲಿವೆ. ಮಾಸ್ತಿಗಲ್ಲನ್ನು ಗುರುತಿಸುವುದು ಸುಲಭ. ಕಂಬದಿಂದ ಹೊರಟು ಮೊಣಕೈಯಲ್ಲಿ ಮಡಚಿ ಮೇಲೆತ್ತಿದ ಒಂದು ತೋಳು ಕಾಣುತ್ತದೆ. ಗಂಡನ ಚಿತೆಯೇರಿದ ಹೆಂಗಸಿನ ತೋಳದು. ಆ ಕೈಯಲ್ಲಿ ಬಳೆ ಇದೆಯೇ ನೋಡಿ, ಇರುತ್ತದೆ. ಮುತ್ತೈದೆಯಾಗಿಯೇ ಹೋದಳು ಎಂದು ಶಿಲ್ಪಿ ಹೇಳಿದ ರೀತಿ ಅದು. ಇದರ ಮುಂದೆ ಸ್ವಲ್ಪ ಹೊತ್ತು ನಿಲ್ಲಿ, ರೆಕಾರ್ಡಿಂಗ್ ಕೂಡ ಇಲ್ಲಿ ಸುಮ್ಮನಿರಲಿ.

ಸವೆದ ಅಕ್ಷರ, ಸವೆದ ಕೆತ್ತನೆಯನ್ನು ಫೋನಿನಲ್ಲಿ ತೆಗೆಯುವ ಕ್ರಮ ಬೇರೆ. ಎದುರಿನಿಂದ ಫ್ಲ್ಯಾಶ್ ಹಾಕಿದರೆ ಕಲ್ಲು ಬೆಳ್ಳಗೆ ಚಪ್ಪಟೆಯಾಗಿ ಬರುತ್ತದೆ, ಏನೂ ಕಾಣುವುದಿಲ್ಲ. ಬೆಳಕು ಪಕ್ಕದಿಂದ, ಕಲ್ಲಿನ ಮೈ ಸವರಿಕೊಂಡು ಹೋಗುವಂತೆ ಬೀಳಬೇಕು. ಆಗ ಕೂದಲೆಳೆಯಷ್ಟು ತಗ್ಗಿಗೂ ನೆರಳು ಹುಟ್ಟಿ ಅಕ್ಷರ ಎದ್ದು ಬರುತ್ತದೆ. ಬೆಳಗಿನ ಓರೆ ಬಿಸಿಲು ಇದಕ್ಕೆ ಹೇಳಿ ಮಾಡಿಸಿದ್ದು. ನೆರಳಿನಲ್ಲಿರುವ ಕಲ್ಲಾದರೆ ಜೊತೆಗಿದ್ದವರು ಇನ್ನೊಂದು ಫೋನಿನ ಟಾರ್ಚ್ ಅನ್ನು ಕಲ್ಲಿನ ಅಂಚಿಗೆ ಹತ್ತಿರ, ತೀರಾ ಓರೆಯಾಗಿ ಹಿಡಿಯಲಿ. ನೀವು ನೇರ ನಿಂತು ಫೋಟೋ ತೆಗೆಯಿರಿ. ಟಾರ್ಚನ್ನು ಎಡದಿಂದ ಒಮ್ಮೆ, ಮೇಲಿನಿಂದ ಒಮ್ಮೆ ಹಿಡಿದು ನೋಡಿ, ಒಂದರಲ್ಲಿ ಕಾಣದ ಗೆರೆ ಇನ್ನೊಂದರಲ್ಲಿ ಕಾಣುತ್ತದೆ. ಮ್ಯೂಸಿಯಂ ಸಿಬ್ಬಂದಿಯನ್ನು ಕೇಳಿಯೇ ಇದನ್ನು ಮಾಡಿ. ಅಕ್ಷರ ಕಾಣಲೆಂದು ಸೀಮೆಸುಣ್ಣ ಉಜ್ಜುವುದು, ಎಣ್ಣೆ ಸುರಿಯುವುದು, ಕುಂಕುಮ ಹಚ್ಚುವುದು ಯಾವತ್ತೂ ಬೇಡ. ನೂರಾರು ವರ್ಷ ಮಳೆ ತಡೆದ ಕಲ್ಲು ನಮ್ಮ ಐದು ನಿಮಿಷದ ಕುತೂಹಲಕ್ಕೆ ಹಾಳಾಗುವುದು ಅನ್ಯಾಯ.

ಗೂಗಲ್ ಲೆನ್ಸ್ ಇವತ್ತಿನ ಕನ್ನಡ ಬೋರ್ಡುಗಳನ್ನು ಓದುತ್ತದೆ. ಹಳಗನ್ನಡ ಶಾಸನವನ್ನು ಅದು ಓದಿಕೊಡುತ್ತದೆಂದು ಕಾಯಬೇಡಿ. ಕಲ್ಲಿನ ಪಕ್ಕದ ವಿವರದ ಫಲಕವನ್ನೂ ಒಂದು ಫೋಟೋ ತೆಗೆದುಕೊಳ್ಳಿ, ಮನೆಯಲ್ಲಿ ಓದಲು ಅದೇ ಆಧಾರ.

ಪೇಟೆಯಲ್ಲಿ ಮ್ಯಾಪ್ ಮುಚ್ಚಿ

ಮಾರಿಕಾಂಬೆಯ ಗುಡಿ ದಾಟಿ ಗಾಂಧಿ ಬಜಾರಿಗೆ ಬಂದ ಮೇಲೆ ಫೋನಿನ ದಾರಿ ಬೇಡ. ಬೀದಿಯೇ ಎಳೆದುಕೊಂಡು ಹೋಗುತ್ತದೆ. ಹೂವಿನವರು, ಪಾತ್ರೆ ಅಂಗಡಿ, ಚಿನ್ನದ ಅಂಗಡಿ, ಗ್ರಂಧಿಗೆ ಅಂಗಡಿ. ಬೇಸಿಗೆಯ ಶುರುವಿನಲ್ಲಿ ಉಪ್ಪಿನಕಾಯಿಯ ಅಪ್ಪೆಮಿಡಿ, ಮಳೆ ಹಿಡಿದ ಮೇಲೆ ಕಳಲೆ ಕಂಡರೆ ನಿಂತು ಮಾತಾಡಿಸಿ. ಅಪ್ಪೆಮಿಡಿಯ ತೊಟ್ಟು ಮುರಿದು ಮೂಗಿಗೆ ಹಿಡಿದು ಆರಿಸುವ ಹೆಂಗಸರನ್ನು ನೋಡುತ್ತ ನಿಂತರೆ ಸಾಕು, ಯಾವುದು ಒಳ್ಳೆಯ ಮಿಡಿ ಎಂದು ಅವರ ಮುಖವೇ ಹೇಳುತ್ತದೆ. ನಿಮಗೂ ಒಂದು ಮುರಿದು ಕೊಡುತ್ತಾರೆ.

ಈ ನಡಿಗೆಯ ಅತಿ ಬೆಲೆಬಾಳುವ ರೆಕಾರ್ಡಿಂಗ್ ಸಿಗುವುದು ಇಲ್ಲೇ. ಹಳೆ ಅಂಗಡಿಯ ಗಲ್ಲಾದಲ್ಲಿ ಕೂತ ಹಿರಿಯರು, ದೇವಸ್ಥಾನದ ಕಟ್ಟೆಯ ಮೇಲೆ ಕೂತವರು, ಆಟೋ ಸ್ಟ್ಯಾಂಡಿನ ಹಳಬರು. ಇವರಿಗೆ ಗೊತ್ತಿರುವ ಊರು ಮ್ಯಾಪಿನಲ್ಲಿ ಇಲ್ಲ. ವ್ಯಾಪಾರದ ಹೊತ್ತಲ್ಲಿ ತಡವಬೇಡಿ. ಏನಾದರೂ ಕೊಳ್ಳಿ, ಆಮೇಲೆ ಕೇಳಿ: “ಯಜಮಾನ್ರೇ, ಈ ಬೀದಿಗೆ ಮುಂಚೆ ಏನಂತ ಕರೀತಿದ್ರು? ನೀವು ಹುಡುಗರಿದ್ದಾಗ ಇಲ್ಲಿ ಏನಿತ್ತು?” ಊರಿನ ಬಗ್ಗೆ ಹೇಳಿ ಎಂದು ಕೇಳಿದರೆ ಯಾರೂ ಬಾಯಿ ಬಿಡುವುದಿಲ್ಲ. ಈ ಕಟ್ಟಡದಲ್ಲಿ ಮುಂಚೆ ಏನಿತ್ತು ಎಂದು ಕೇಳಿದರೆ ಮಾತು ನಿಲ್ಲುವುದಿಲ್ಲ.

ಮಾತು ಶುರುವಾದ ಮೇಲೆ, “ಅಮ್ಮಾ, ಇದನ್ನ ಫೋನಲ್ಲಿ ರೆಕಾರ್ಡ್ ಮಾಡ್ಕೊಳ್ಲಾ? ನಾಲ್ಕು ಜನರಿಗೆ ಕೇಳಿಸಬಹುದಾ?” ಎಂದು ಎರಡನ್ನೂ ಬಿಡಿಸಿ ಕೇಳಿ. ರೆಕಾರ್ಡ್ ಮಾಡಲು ಒಪ್ಪಿದವರು ಹಂಚಲು ಒಪ್ಪಿರಬೇಕೆಂದಿಲ್ಲ. ಒಪ್ಪಿದರೆ ಫೋನನ್ನು ಏರೋಪ್ಲೇನ್ ಮೋಡ್‌ಗೆ ಹಾಕಿ, ನಡುವೆ ಕರೆ ಬಂದರೆ ಮಾತು ಕಡಿಯುತ್ತದೆ. ಮೈಕಿನ ತೂತಿಗೆ ಬೆರಳು ಅಡ್ಡ ಬಾರದಂತೆ ಹಿಡಿದು, ಬೀದಿಗೆ ಬೆನ್ನು ಹಾಕಿ ನಿಲ್ಲಿ. ಬಸ್ಸಿನ ಹಾರ್ನ್ ನಿಮ್ಮ ಮೈಗೆ ತಡೆದು ಸ್ವಲ್ಪವಾದರೂ ಕಮ್ಮಿಯಾಗುತ್ತದೆ. ಅವರು ಮಾತಾಡುವಾಗ ಹೂಂ, ಹೌದಾ ಎನ್ನದೆ ತಲೆಯಾಡಿಸಿ, ಇಲ್ಲದಿದ್ದರೆ ರೆಕಾರ್ಡಿನ ತುಂಬ ನಿಮ್ಮದೇ ದನಿ. ಅವರ ಫೋನ್ ನಂಬರು, ಮನೆಯ ಗುರುತು ಯಾವುದೂ ಹಂಚುವ ಫೈಲಿನಲ್ಲಿ ಬರಬಾರದು. ಮನೆಗೆ ಬಂದ ಮೇಲೆ ಗೂಗಲ್‌ನ ಕೀಬೋರ್ಡ್ ಆ್ಯಪ್ ಜಿಬೋರ್ಡಿನ ಕನ್ನಡ ವಾಯ್ಸ್ ಟೈಪಿಂಗ್ ಆನ್ ಮಾಡಿ, ರೆಕಾರ್ಡನ್ನು ಕೇಳುತ್ತ ನೀವೇ ಬಾಯಲ್ಲಿ ಹೇಳುತ್ತ ಹೋದರೆ ಬೇಗ ಅಕ್ಷರಕ್ಕಿಳಿಯುತ್ತದೆ.

ಪೇಟೆ ತುದಿಯ ಶಿವಪ್ಪ ನಾಯಕನ ಪ್ರತಿಮೆಯಿಂದ ಬಿ.ಎಚ್. ರಸ್ತೆಗೆ ಬಿದ್ದರೆ ಉಳಿದದ್ದು ಬೇಗ ಆಗುತ್ತದೆ. ಸೇಕ್ರೆಡ್ ಹಾರ್ಟ್ ಚರ್ಚಿನ ಕಟ್ಟಡವನ್ನು ರಸ್ತೆಯ ಆಚೆ ಬದಿಯಿಂದ ನೋಡಿ, ಆಮೇಲೆ ಒಳಗೆ ಹೋಗಿ. ಕರ್ನಾಟಕ ಸಂಘ 1930ರಲ್ಲಿ ಹುಟ್ಟಿದ್ದು, ಈ ಊರಿನ ಸಾಹಿತ್ಯದ ಜಗಲಿ. ಸಂಜೆ ಕಾರ್ಯಕ್ರಮ ಇದೆಯೇ ಎಂದು ಬೋರ್ಡು ನೋಡಿಕೊಂಡು ಬನ್ನಿ.

ಹಬ್ಬ, ಮಳೆ, ಬ್ಯಾಟರಿ

ಗಣಪತಿ ಮೆರವಣಿಗೆ ಇದೇ ಕೋಟೆಯಿಂದ ಹೊರಟು ಗಾಂಧಿ ಬಜಾರಿನ ಮೂಲಕ ಹೋಗುತ್ತದೆ. ಎರಡು ವರ್ಷಕ್ಕೊಮ್ಮೆ ಮಾರಿಕಾಂಬೆಯ ಜಾತ್ರೆ ಬರುತ್ತದೆ. ಆ ದಿನಗಳಲ್ಲಿ ನಕ್ಷೆಯ ರಸ್ತೆ ಬೇರೆ, ಬಿಟ್ಟ ರಸ್ತೆ ಬೇರೆ. ಜಾತ್ರೆ ನೋಡಲು ಬನ್ನಿ, ನಡಿಗೆಗೆ ಇನ್ನೊಂದು ದಿನ ಇಟ್ಟುಕೊಳ್ಳಿ.

ಮಳೆಗಾಲದಲ್ಲಿ ಒದ್ದೆ ಬೆರಳಿಗೆ ಟಚ್ ಸ್ಕ್ರೀನ್ ಸರಿಯಾಗಿ ಕೇಳುವುದಿಲ್ಲ. ಜಿಪ್ ಇರುವ ಪಾರದರ್ಶಕ ಪ್ಲಾಸ್ಟಿಕ್ ಕವರಿನಲ್ಲಿ ಫೋನ್ ಇಟ್ಟರೆ ಹೊರಗಿನಿಂದಲೇ ಒತ್ತಬಹುದು. ಜಿಪಿಎಸ್ ಮತ್ತು ಪೂರ್ತಿ ಬೆಳಕಿನ ಪರದೆ ಎರಡೂ ಸೇರಿದರೆ ಬ್ಯಾಟರಿ ಬೇಗ ಮುಗಿಯುತ್ತದೆ. ಪರದೆ ಆರಿಸಿ ಆಡಿಯೋ ಮಾತ್ರ ಕೇಳುತ್ತ ನಡೆದರೆ ಇಡೀ ಬೆಳಗು ಆರಾಮವಾಗಿ ಬರುತ್ತದೆ. ಏಪ್ರಿಲ್, ಮೇ ತಿಂಗಳಲ್ಲಿ ಮಲೆನಾಡೆಂದು ಮೈಮರೆಯಬೇಡಿ, ಶಿವಮೊಗ್ಗ ಪೇಟೆಯ ಬಿಸಿಲು ಬಯಲುಸೀಮೆಗೇನೂ ಕಡಿಮೆಯಿಲ್ಲ. ಹನ್ನೊಂದರೊಳಗೆ ನೆರಳು ಸೇರುವಂತೆ ಹೊರಡಿ.

ಹಂಚಿ, ತಿದ್ದಿ, ಮುಂದಿನ ಊರಿಗೆ ಹೋಗಿ

ಮ್ಯಾಪಿನ ಪಟ್ಟಿಗೆ ಶೇರ್ ಕೊಂಡಿ ಇರುತ್ತದೆ. ಆಡಿಯೋಗಳನ್ನು ಗೂಗಲ್ ಡ್ರೈವ್‌ನ ಒಂದು ಫೋಲ್ಡರಿಗೆ ಹಾಕಿ ಅದರ ಕೊಂಡಿಯನ್ನೂ ಸೇರಿಸಿ ಕಳಿಸಿದರೆ, ಬೆಂಗಳೂರಿನಲ್ಲಿರುವ ನಿಮ್ಮ ಅಕ್ಕನ ಮಕ್ಕಳು ರಜೆಗೆ ಬಂದಾಗ ಅದೇ ದಾರಿಯಲ್ಲಿ ನಡೆಯಬಹುದು. ಪಿನ್ ತಪ್ಪು ಜಾಗದಲ್ಲಿದ್ದರೆ ಗೂಗಲ್‌ಗೆ ತಿದ್ದುಪಡಿ ಸೂಚಿಸಿ. ಓಪನ್‌ಸ್ಟ್ರೀಟ್‌ಮ್ಯಾಪ್‌ನಲ್ಲಾದರೆ ಖಾತೆ ತೆರೆದು ನೀವೇ ತಿದ್ದಬಹುದು. ಮಂಟಪ, ಕಟ್ಟೆ, ವೀರಗಲ್ಲುಗಳ ಹೆಸರನ್ನು ಕನ್ನಡದಲ್ಲಿ ಸೇರಿಸಬಹುದು. ಆಮೇಲೆ ಬರುವವರಿಗೆಲ್ಲ ಅದು ಕಾಣುತ್ತದೆ. ಜಿಲ್ಲೆಯ ಪ್ರತಿ ಊರಿನ ಇಬ್ಬರು ಹೈಸ್ಕೂಲ್ ಮಕ್ಕಳು ಒಂದು ಭಾನುವಾರ ಈ ಕೆಲಸಕ್ಕೆ ಕೂತರೆ ಎಷ್ಟು ಚೆನ್ನ ಎಂದು ನನಗೆ ಬಹಳ ಆಸೆ.

ಇದೇ ಕ್ರಮದಲ್ಲಿ ಮುಂದಿನ ನಡಿಗೆಗೆ ಕೂಡ್ಲಿ ಒಳ್ಳೆಯದು. ಶಿವಮೊಗ್ಗದಿಂದ 16 ಕಿ.ಮೀ. ಆಸುಪಾಸು, ಸಣ್ಣ ಊರು, ಎರಡು ಹೊಳೆಗಳ ನಡುವೆ ಹಳೆಯ ದೇವಸ್ಥಾನಗಳು. ನಾಲ್ಕೈದು ಪಿನ್‌ಗೆ ಮುಗಿಯುತ್ತದೆ. ಮತ್ತೂರು, ಹೊಸಹಳ್ಳಿಗಳಿಗೆ ಹೋಗುವುದಾದರೆ ರೆಕಾರ್ಡರ್ ತೆಗೆದುಕೊಂಡೇ ಹೋಗಿ. ಒಂದು ಸಂಸ್ಕೃತ ಮಾತಿಗೆ, ಇನ್ನೊಂದು ಕಾವ್ಯವನ್ನು ರಾಗವಾಗಿ ವಾಚಿಸುವ ಗಮಕಕ್ಕೆ ಹೆಸರಾದ ಊರು. ಗಮಕಕ್ಕಾಗಿ 2022ರಲ್ಲಿ ಪದ್ಮಶ್ರೀ ಪಡೆದ ಎಚ್.ಆರ್. ಕೇಶವಮೂರ್ತಿ ಹೊಸಹಳ್ಳಿಯವರಾಗಿದ್ದರು. ತೀರ್ಥಹಳ್ಳಿ ತಾಲ್ಲೂಕಿನ ಕವಲೇದುರ್ಗಕ್ಕೆ ಮಾತ್ರ ಬೇರೆ ತಯಾರಿ ಬೇಕು. ಕಾಡಿನ ನಡುವಿನ ಗುಡ್ಡದ ಕೋಟೆ, ಸಿಗ್ನಲ್ ಬಂದು ಹೋಗುತ್ತಿರುತ್ತದೆ. ನಕ್ಷೆ, ಆಡಿಯೋ ಎಲ್ಲವನ್ನೂ ಊರಿನಲ್ಲೇ ಇಳಿಸಿಕೊಂಡು, ಎಷ್ಟೊತ್ತಿಗೆ ಇಳಿದು ಬರುತ್ತೀರೆಂದು ಮನೆಗೊಂದು ಮೆಸೇಜ್ ಹಾಕಿಯೇ ಹತ್ತಿ. ಮಳೆಗಾಲದಲ್ಲಿ ಅಲ್ಲಿನ ಕಲ್ಲುಹಾಸು ಜಾರುತ್ತದೆ, ಫೋನ್ ನೋಡುತ್ತ ಹೆಜ್ಜೆ ಇಡಬೇಡಿ. ನೋಡಬೇಕೆನಿಸಿದರೆ ನಿಂತು ನೋಡಿ, ಮತ್ತೆ ಜೇಬಿಗೆ ಹಾಕಿ ನಡೆಯಿರಿ.